ಸರ್ಬಿನ್ ಊರಿನ ಮೂರು ಭಾಷೆಯ ಸಮಾಧಿಗಳು

ಆಸ್ಟಿನ್‌ನಿಂದ ಹೂಸ್ಟನ್‌ಗೆ ಹೋಗುವ 290ನೇ ಹೆದ್ದಾರಿಯಲ್ಲಿ ಗಿಡ್ಡಿಂಗ್ಸ್ ಎಂಬ ಊರು ಸಿಗುತ್ತದೆ. ಹೂಸ್ಟನ್ ಕನ್ನಡ ವೃಂದದ ಕಾರ್ಯಕ್ರಮಗಳಿಗೆ ಹೋಗುವಾಗ ಅಲ್ಲಿ ಪೆಟ್ರೋಲ್ ಹಾಕಿಸಿ, ಕಾಫಿ ಕುಡಿದು ಮುಂದೆ ಹೋಗುವುದು ನಮ್ಮ ರೂಢಿ. ಈ ಸಲ ತೆರಿಗೆ ಲೆಕ್ಕಗಳ ಗಡಿಬಿಡಿ ಮುಗಿದ ಮೇಲೆ, ಹೆದ್ದಾರಿ ಬಿಟ್ಟು ಐದಾರು ಮೈಲಿ ಒಳಗಿರುವ ಸರ್ಬಿನ್‌ಗೆ ಹೋದೆವು. ಊರೆಂದರೆ ಒಂದು ಚರ್ಚು, ಒಂದು ವಸ್ತುಸಂಗ್ರಹಾಲಯ, ಒಂದು ಸ್ಮಶಾನ, ಸುತ್ತ ಹುಲ್ಲುಗಾವಲು.

ಇದನ್ನು ಕಟ್ಟಿದವರು ವೆಂಡರು. ಜರ್ಮನಿಯ ಲುಸೇಷಿಯಾ ಪ್ರಾಂತ್ಯದ ಸ್ಲಾವಿಕ್ ಜನ. ಸುತ್ತಲೂ ಜರ್ಮನ್, ನಡುವೆ ಇವರದೊಂದು ಪುಟ್ಟ ನುಡಿ. ತಮ್ಮ ಲುಥೆರನ್ ಆಚರಣೆಯಲ್ಲಿ ಪ್ರಷ್ಯಾದ ಅರಸೊತ್ತಿಗೆ ಕೈಹಾಕಿದ್ದು ಸಹಿಸದೆ, 1854ರಲ್ಲಿ ಪಾದ್ರಿ ಯಾನ್ ಕಿಲಿಯನ್ ಜೊತೆ 500ಕ್ಕೂ ಹೆಚ್ಚು ಮಂದಿ ಹೊರಟರು. ಲಿವರ್‌ಪೂಲ್‌ನಲ್ಲಿ ಅವರು ಹತ್ತಿದ ‘ಬೆನ್ ನೆವಿಸ್’ ಹಡಗಿಗೆ ಕಾಲರಾ ಹೊಕ್ಕಿತು. ಐರ್ಲೆಂಡಿನ ಕ್ವೀನ್ಸ್‌ಟೌನ್ ಬಂದರಿನಲ್ಲಿ ಹಡಗನ್ನು ತಡೆದು ಶುಚಿಗೊಳಿಸಬೇಕಾಯಿತು. ಡಿಸೆಂಬರ್‌ನಲ್ಲಿ ಗ್ಯಾಲ್ವೆಸ್ಟನ್ ತಲುಪುವಷ್ಟರಲ್ಲಿ 70ಕ್ಕೂ ಹೆಚ್ಚು ಜನ ತೀರಿಕೊಂಡಿದ್ದರು. ವೀಸಾ ತಡವಾಯಿತೆಂದು ವರ್ಷಗಟ್ಟಲೆ ಗೊಣಗಿದವನು ನಾನು.

ಲೆಕ್ಕದವನಾದ್ದರಿಂದ ನನ್ನ ಕಣ್ಣು ನಿಂತದ್ದು ಜಮೀನಿನ ವ್ಯವಹಾರದ ಮೇಲೆ. ಎಕರೆಗೆ ಸುಮಾರು 1 ಡಾಲರ್‌ನಂತೆ 4,254 ಎಕರೆ ಕೊಂಡು, ಅದರಲ್ಲಿ 95 ಎಕರೆಯನ್ನು ಚರ್ಚು ಮತ್ತು ಶಾಲೆಗೆಂದು ತೆಗೆದಿಟ್ಟರು. ಇನ್ನೂ ತಮ್ಮ ತಲೆಯ ಮೇಲೇ ಸೂರಿಲ್ಲದ ಹೊತ್ತಿನಲ್ಲಿ! ನಮ್ಮ ಸಂಘಗಳ ಬಜೆಟ್ಟಿನಲ್ಲಿ ಹಬ್ಬದೂಟಕ್ಕೆಷ್ಟು, ಕನ್ನಡ ತರಗತಿಗೆಷ್ಟು ಎಂದು ಯಾರೂ ನನ್ನನ್ನು ಕೇಳದಿರಲಿ.

1871ರಲ್ಲಿ ಮುಗಿದ ಸೇಂಟ್ ಪಾಲ್ ಚರ್ಚಿನಲ್ಲಿ ಉಪದೇಶ ಪೀಠ ನೆಲದಿಂದ ಸುಮಾರು 20 ಅಡಿ ಮೇಲೆ, ಉಪ್ಪರಿಗೆಯಲ್ಲಿದೆ. ಗಂಡಸರು ಮೇಲೆ, ಹೆಂಗಸರು ಮಕ್ಕಳು ಕೆಳಗೆ ಕೂರುತ್ತಿದ್ದರಂತೆ. ವಸ್ತುಸಂಗ್ರಹಾಲಯದಲ್ಲಿ ಮದುಮಗಳ ಕಪ್ಪು ಉಡುಗೆಯಿದೆ. ಮುಂದಿನ ಬಾಳಿನ ಕಷ್ಟಕ್ಕೆ ಅದು ಗುರುತು ಎಂದು ಓದಿ ನನ್ನ ಹೆಂಡತಿ ಏನೂ ಹೇಳದೆ ನನ್ನ ಮುಖ ನೋಡಿದಳು.

ಆದರೆ ಊರಿನ ಚರಿತ್ರೆಯೆಲ್ಲ ಇರುವುದು ಸ್ಮಶಾನದಲ್ಲಿ. ಹಳೆಯ ಕಲ್ಲುಗಳಲ್ಲಿ ವೆಂಡಿಷ್ ಬರಹ ಕಾಣುತ್ತದೆ, ಆಮೇಲೆ ಜರ್ಮನ್, ಕೊನೆಗೆ ಬರೀ ಇಂಗ್ಲಿಷ್. ಇಲ್ಲಿ ಯಾರೂ ಅವರ ಭಾಷೆಯನ್ನು ಕಾನೂನು ಮಾಡಿ ಕಿತ್ತುಕೊಳ್ಳಲಿಲ್ಲ. ನೆರೆಯವರು ಜರ್ಮನ್ನರು, ವ್ಯಾಪಾರ, ಮದುವೆ ಸಂಬಂಧಗಳೂ ಜರ್ಮನ್ನರೊಡನೆ. 1871ರಲ್ಲಿ ರೈಲು ಗಿಡ್ಡಿಂಗ್ಸ್‌ಗೆ ಬಂದು ವಹಿವಾಟು ಅತ್ತ ಸರಿಯಿತು. ಮನೆಮಾತು ಮನೆಯಲ್ಲೇ ಸೋತಿತು. ಎರಡು ಮಹಾಯುದ್ಧಗಳ ಕಾಲದಲ್ಲಿ ಜರ್ಮನ್ನಿಗೂ ಅದೇ ಗತಿಯಾಯಿತು.

ಹನ್ನೊಂದು ವರ್ಷದ ಮಗಳು ಸಾಲು ಸಾಲಾಗಿ ನೋಡುತ್ತ ಬಂದು ಒಂದು ಕಡೆ ನಿಂತಳು. ‘ಅಪ್ಪಾ, ಇಲ್ಲಿಂದ ನಂಗೆ ಓದಕ್ಕೆ ಬರತ್ತೆ’ ಎಂದಳು. ಭಾನುವಾರದ ಕನ್ನಡ ತರಗತಿ ಬಿಟ್ಟು ಈಜಿಗೆ ಸೇರುತ್ತೇನೆಂದು ಅವಳು ಹಟ ಹಿಡಿದು ಆಗ ಎರಡು ವಾರವಾಗಿತ್ತು. ನಾನೂ ಹೆಚ್ಚುಕಡಿಮೆ ಒಪ್ಪಿದ್ದೆ.

ಭಾಷೆ ಕೈಬಿಟ್ಟ ಮೇಲೆ, 1971ರಲ್ಲಿ, ಅವರ ಮೊಮ್ಮಕ್ಕಳು ಮರಿಮಕ್ಕಳು ಸೇರಿ ಇಲ್ಲೊಂದು ವೆಂಡಿಷ್ ಸಂಸ್ಕೃತಿ ಸಂಘ ಕಟ್ಟಿದರು. ವಸ್ತುಸಂಗ್ರಹಾಲಯ ಅದರ ಫಲ. ಪ್ರತಿವರ್ಷ ಸೆಪ್ಟೆಂಬರ್ ಕೊನೆಯ ಹೊತ್ತಿಗೆ ವೆಂಡಿಷ್ ಹಬ್ಬ ನಡೆಯುತ್ತದೆ. ಅವರ ಮೊಟ್ಟೆಯ ನೂಡಲ್ಸ್ ಹೆಸರುವಾಸಿ, ಸಸ್ಯಾಹಾರಿಗಳು ವಿಚಾರಿಸಿಕೊಳ್ಳಿ. ಆಸ್ಟಿನ್‌ನವರಿಗೆ ಒಂದು ಗಂಟೆ ಚಿಲ್ಲರೆ ದಾರಿ, ಹೂಸ್ಟನ್‌ನವರಿಗೆ ಎರಡು. ಡಲ್ಲಾಸ್‌ನ ಗೆಳೆಯರು ಮೂರು ಗಂಟೆಗೂ ಹೆಚ್ಚು ಕಾರು ಓಡಿಸಬೇಕು. ಮಕ್ಕಳನ್ನೂ ಕರೆದುಕೊಂಡು ಬನ್ನಿ.