ದನಿ ಬಂತು, ಚಿತ್ರ ಬರಲಿಲ್ಲ

ಹೊಸ ಮೊಬೈಲಿನಲ್ಲಿ ತೆಗೆದ ವಿಡಿಯೋವನ್ನು ಮನೆಯ ಹಳೆಯ ಕಂಪ್ಯೂಟರಿಗೆ ಹಾಕಿದಾಗ ಎಷ್ಟೋ ಸಲ ಮಾತು ಕೇಳಿಸುತ್ತದೆ, ಪರದೆ ಮಾತ್ರ ಕಪ್ಪಗೇ ಉಳಿಯುತ್ತದೆ. ಫೈಲ್ ಕೆಟ್ಟಿರಬೇಕೆಂದು ಮತ್ತೊಮ್ಮೆ ಕಾಪಿ ಮಾಡಿಕೊಳ್ಳುತ್ತೇವೆ. ಆಗಲೂ ಅದೇ ಕತೆ. ಸಾಮಾನ್ಯವಾಗಿ ಫೈಲಿಗೆ ಏನೂ ಆಗಿರುವುದಿಲ್ಲ. ಅದನ್ನು ಬಿಡಿಸುವ ವಿದ್ಯೆ ಆ ಪ್ಲೇಯರಿಗೆ ಗೊತ್ತಿರುವುದಿಲ್ಲ.

ಬಿಡಿಸುವುದೇಕೆ ಎಂಬುದಕ್ಕೆ ಸಣ್ಣದೊಂದು ಲೆಕ್ಕ ಹಾಕೋಣ. ಫುಲ್ ಎಚ್‌ಡಿ ಎಂದರೆ ಅಡ್ಡಸಾಲಿನಲ್ಲಿ 1920, ಕಂಬಸಾಲಿನಲ್ಲಿ 1080 ಚುಕ್ಕಿಗಳು. ಚುಕ್ಕಿಯೊಂದಕ್ಕೆ 3 ಬೈಟ್ ಹಿಡಿದರೆ ಒಂದು ಫ್ರೇಮಿಗೆ ಸುಮಾರು 62 ಲಕ್ಷ ಬೈಟ್. ಸೆಕೆಂಡಿಗೆ 24 ಫ್ರೇಮಿನಂತೆ ಎರಡೂವರೆ ಗಂಟೆಯ ಸಿನಿಮಾವನ್ನು ಇದ್ದದ್ದು ಇದ್ದ ಹಾಗೆ ಬರೆದಿಟ್ಟರೆ 1,300 ಜಿಬಿ ದಾಟುತ್ತದೆ. ನಮ್ಮ ಕೈಗೆ ಬರುವುದು ಎರಡು-ಮೂರು ಜಿಬಿಯ ಫೈಲ್. ಮಿಕ್ಕದ್ದನ್ನು ಎಸೆದಿದ್ದಾರೆ, ಅದೂ ಬಹಳ ಜಾಣತನದಿಂದ. ಕಣ್ಣು ಬೆಳಕಿನ ಏರಿಳಿತವನ್ನು ಹಿಡಿಯುವಷ್ಟು ಸೂಕ್ಷ್ಮವಾಗಿ ಬಣ್ಣದ ಏರಿಳಿತವನ್ನು ಹಿಡಿಯುವುದಿಲ್ಲ; ಹಾಗಾಗಿ ನಾಲ್ಕು ಚುಕ್ಕಿಗಳಿಗೆ ಸೇರಿ ಒಂದೇ ಬಣ್ಣದ ಮಾಹಿತಿ ಇಟ್ಟರೂ ನಮಗೆ ತಿಳಿಯದು. ಇನ್ನು, ಒಂದು ಫ್ರೇಮಿಗೂ ಮುಂದಿನದಕ್ಕೂ ಹೆಚ್ಚು ವ್ಯತ್ಯಾಸವಿರುವುದಿಲ್ಲ. ಆದ್ದರಿಂದ ಆಗೊಮ್ಮೆ ಈಗೊಮ್ಮೆ ಒಂದು ಪೂರ್ತಿ ಚಿತ್ರ, ನಡುವೆಲ್ಲ 'ಈ ತುಂಡು ಅಲ್ಲಿಗೆ ಸರಿಯಿತು' ಎಂಬಂಥ ಸೂಚನೆಗಳಷ್ಟೇ. ಆ ಪೂರ್ತಿ ಚಿತ್ರಕ್ಕೆ ಕೀಫ್ರೇಮ್ ಎನ್ನುತ್ತಾರೆ. ಹಾಡಿನ ಶುರುವಿಗೆಂದು ಸ್ಲೈಡರ್ ಎಳೆದರೆ ಪ್ಲೇಯರ್ ನಾಲ್ಕು ಸೆಕೆಂಡ್ ಹಿಂದಕ್ಕೆ ಹೋಗಿ ನಿಲ್ಲುವುದು ಇದೇ ಕಾರಣಕ್ಕೆ. ಹತ್ತಿರದ ಕೀಫ್ರೇಮ್ ಅಲ್ಲಿದೆ.

ಹೀಗೆ ಮಡಚುವ, ಬಿಡಿಸುವ ಕಟ್ಟಳೆಗೆ ಕೋಡೆಕ್ ಎಂದು ಹೆಸರು. 2003ರಲ್ಲಿ ಎಚ್.264 ಬಂತು, 2013ರಲ್ಲಿ ಎಚ್‌ಇವಿಸಿ, 2018ರಲ್ಲಿ ಎವಿ1. ಒಂದೊಂದೂ ಹಿಂದಿನದಕ್ಕಿಂತ ಬಿಗಿಯಾಗಿ ಮಡಚುತ್ತದೆ, ಬಿಡಿಸಲು ಹೆಚ್ಚು ಲೆಕ್ಕ ಬೇಡುತ್ತದೆ. ಫೈಲ್ ಹೆಸರಿನ ಬಾಲದಲ್ಲಿರುವ ಎಂಪಿ4, ಎಂಕೆವಿಗಳು ಕೋಡೆಕ್ ಅಲ್ಲ, ಬರೀ ಡಬ್ಬಿ. ನಮ್ಮ ಅಡುಗೆಮನೆಯ ಬೋರ್ನ್‌ವೀಟಾ ಡಬ್ಬಿಯಲ್ಲಿ ಹುಣಸೆಹಣ್ಣು ಇರುವ ಹಾಗೆ, ಎಂಪಿ4 ಎಂಬ ಹೆಸರಿನೊಳಗೆ ಎಚ್.264 ಇರಬಹುದು, ಎಚ್‌ಇವಿಸಿಯೂ ಇರಬಹುದು. ವಿಎಲ್‌ಸಿ ಎಂಬ ಪ್ಲೇಯರಿನಲ್ಲಿ ಕಂಟ್ರೋಲ್ ಮತ್ತು ಜೆ ಒತ್ತಿದರೆ ಒಳಗಿನ ಸರಕು ಯಾವುದೆಂದು ಕಾಣುತ್ತದೆ.

ವಿಂಡೋಸ್ ಜೊತೆಗೇ ಬರುವ ಪ್ಲೇಯರ್ ಎಚ್‌ಇವಿಸಿಯ ಮುಂದೆ ಮುಗ್ಗರಿಸುವುದಕ್ಕೆ ತಂತ್ರಜ್ಞಾನಕ್ಕಿಂತ ದುಡ್ಡೇ ಹೆಚ್ಚು ಕಾರಣ. ಈ ಕೋಡೆಕ್ಕಿನ ಮೇಲೆ ಪೇಟೆಂಟುಗಳಿವೆ, ಬಳಸುವವರು ರಾಯಧನ ಕೊಡಬೇಕು. ಅದಕ್ಕೇ ಮೈಕ್ರೋಸಾಫ್ಟ್ ತನ್ನ ಸ್ಟೋರಿನಲ್ಲಿ ಅದನ್ನು ಬೇರೆಯಾಗಿ ಮಾರಾಟಕ್ಕಿಟ್ಟಿದೆ. 2012ರ ವಿಂಡೋಸ್ 8ರಿಂದ ಡಿವಿಡಿ ನೋಡುವ ಸೌಲಭ್ಯವನ್ನು ಕಿತ್ತದ್ದರ ಹಿಂದೆಯೂ ಇಂಥದೇ ಲೆಕ್ಕಾಚಾರವಿತ್ತು.

ಈ ಲೆಕ್ಕಾಚಾರಕ್ಕೆ ಸಿಗದ ವಿಎಲ್‌ಸಿ ಹುಟ್ಟಿದ್ದು ಪ್ಯಾರಿಸ್ಸಿನ ಎಕೋಲ್ ಸಾಂತ್ರಾಲ್ ಎಂಬ ಎಂಜಿನಿಯರಿಂಗ್ ಕಾಲೇಜಿನಲ್ಲಿ. ಹಾಸ್ಟೆಲ್ ಹುಡುಗರಿಗೆ ಕಂಪ್ಯೂಟರ್ ಆಟಗಳಿಗಾಗಿ ವೇಗದ ನೆಟ್‌ವರ್ಕ್ ಬೇಕಿತ್ತು. ಆಟಕ್ಕೆಂದು ಕೇಳಿದರೆ ಯಾರು ದುಡ್ಡು ಕೊಡುತ್ತಾರೆ? ಹಾಗಾಗಿ ಉಪಗ್ರಹ ಟಿವಿಯನ್ನು ನೆಟ್‌ವರ್ಕಿನಲ್ಲೇ ಎಲ್ಲರ ಕೋಣೆಗೆ ಹರಿಸುವ ಯೋಜನೆ 1996ರಲ್ಲಿ ಶುರುವಾಯಿತು. ಅದರ ನೋಡುವ ಭಾಗವೇ ವಿಎಲ್‌ಸಿ. 2001ರಲ್ಲಿ ಅದು ಮುಕ್ತ ತಂತ್ರಾಂಶವಾಯಿತು. ಸಾಫ್ಟ್‌ವೇರಿಗೆ ಪೇಟೆಂಟ್ ಸಲ್ಲದು ಎಂಬ ಫ್ರೆಂಚ್ ಕಾನೂನನ್ನು ಮುಂದೆ ಮಾಡಿ ಬಹುತೇಕ ಎಲ್ಲ ಕೋಡೆಕ್ಕುಗಳನ್ನೂ ಒಳಗೇ ಇಟ್ಟುಕೊಂಡು, ಕಾಸು ಕೇಳದೆ ಹಂಚುತ್ತಿದ್ದಾರೆ. 2022ರಲ್ಲಿ ಇದರ ಜಾಲತಾಣ ಭಾರತದಲ್ಲಿ ತಿಂಗಳುಗಟ್ಟಲೆ ತೆರೆಯಲೇ ಇಲ್ಲ. ಕಾನೂನು ನೋಟಿಸಿನ ನಂತರ ನವೆಂಬರಿನಲ್ಲಿ ತಡೆ ತೆರವಾಯಿತು. ಇಂದು ಅದನ್ನು ಬೇರೆಲ್ಲಿಂದಲೋ ಇಳಿಸಿಕೊಳ್ಳಬೇಕಾದ ಅಗತ್ಯವಿಲ್ಲ, ಜಾಹೀರಾತು ಅಂಟಿಸಿಕೊಂಡ ನಕಲಿಗಳು ಬೇಕಾದಷ್ಟಿವೆ.

ಹಾಗಾದರೆ ಎಲ್ಲರೂ ವಿಎಲ್‌ಸಿ ಹಾಕಿಕೊಂಡರೆ ಮುಗಿಯಿತೇ? ಬಹುಪಾಲು ಮನೆಗಳಿಗೆ ಮುಗಿಯಿತು. ಆದರೆ ನನ್ನ ಮಟ್ಟಿಗೆ ಪ್ಲೇಯರಿನ ಹೆಸರಿಗಿಂತ ಮೊದಲು ನೋಡಬೇಕಾದದ್ದು ಬಿಡಿಸುವ ಕೆಲಸ ಕಂಪ್ಯೂಟರಿನ ಯಾವ ಭಾಗದಲ್ಲಿ ನಡೆಯುತ್ತಿದೆ ಎಂಬುದನ್ನು. ಈಗಿನ ಚಿಪ್ಪುಗಳಲ್ಲಿ ಇದಕ್ಕೆಂದೇ ಮೀಸಲಾದ ಪುಟ್ಟ ಭಾಗವೊಂದಿರುತ್ತದೆ. ಪ್ಲೇಯರ್ ಅದನ್ನು ಬಳಸಿಕೊಂಡರೆ 4ಕೆ ವಿಡಿಯೋ ಕೂಡ ಸದ್ದಿಲ್ಲದೆ ಓಡುತ್ತದೆ. ಬಳಸದಿದ್ದರೆ ಇಡೀ ಭಾರ ಮುಖ್ಯ ಪ್ರೊಸೆಸರಿನ ತಲೆಗೆ. ಫ್ಯಾನ್ ಗುಂಯ್‌ಗುಡುತ್ತದೆ, ಲ್ಯಾಪ್‌ಟಾಪಿನ ಬ್ಯಾಟರಿ ಕರಗುತ್ತದೆ, ಚಿತ್ರ ತಡವರಿಸುತ್ತದೆ. 2015ರ ಇಂಟೆಲ್ ಚಿಪ್ಪುಗಳು ಸಾಧಾರಣ ಎಚ್‌ಇವಿಸಿಯನ್ನು ಬಿಡಿಸಬಲ್ಲವು, ಆದರೆ ಎವಿ1ಗೆ ನೆರವು ಬಂದದ್ದು 2020ರ ಪೀಳಿಗೆಯಲ್ಲಿ. ಪರೀಕ್ಷೆ ಸುಲಭ: ವಿಡಿಯೋ ಓಡುವಾಗ ಟಾಸ್ಕ್ ಮ್ಯಾನೇಜರ್ ತೆರೆದು ಜಿಪಿಯು ಪುಟದಲ್ಲಿ 'ವಿಡಿಯೋ ಡಿಕೋಡ್' ಗೆರೆ ಮೇಲೇಳುತ್ತಿದೆಯೇ ನೋಡಿ. ಅದು ಮಲಗಿದ್ದು ಸಿಪಿಯು ಕುಣಿಯುತ್ತಿದ್ದರೆ ಸೆಟ್ಟಿಂಗ್ಸ್ ಬದಲಿಸಿ, ಅಥವಾ ಬೇರೆ ಪ್ಲೇಯರ್ ಹಾಕಿ ನೋಡಿ. ವಿಂಡೋಸಿನ ಹಳೆಯ ಯಂತ್ರಗಳಿಗೆ ಹಗುರವಾದ ಎಂಪಿಸಿ-ಎಚ್‌ಸಿ ಚೆನ್ನಾಗಿ ಒಗ್ಗುತ್ತದೆ. ಎಂಪಿವಿ ಎಂಬುದು ಇನ್ನೂ ಚುರುಕು, ಚಿತ್ರವೂ ಚೊಕ್ಕ. ಆದರೆ ಮೆನುಗಳ ಆಸರೆ ಕಡಿಮೆ, ಹೆಚ್ಚಿನದೆಲ್ಲ ಕೀಲಿಮಣೆಯಲ್ಲೇ ಆಗಬೇಕು. ಮನೆಯ ಹಿರಿಯರ ಕೈಗೆ ಅದನ್ನು ಕೊಡಲಾರೆ.

ಮದುವೆ ಡಿವಿಡಿಗಳದ್ದೇ ಬೇರೆ ತಾಪತ್ರಯ. ಹಳೆಯ ಕ್ಯಾಮೆರಾಗಳು ಒಂದು ಫ್ರೇಮಿನ ಬೆಸ ಗೆರೆಗಳನ್ನು ಒಂದು ಕ್ಷಣದಲ್ಲೂ ಸರಿ ಗೆರೆಗಳನ್ನು ಸೆಕೆಂಡಿನ 50ನೇ ಒಂದು ಭಾಗದಷ್ಟು ಕಾಲದ ನಂತರವೂ ಹಿಡಿಯುತ್ತಿದ್ದವು. ಹಳೆಯ ಡಬ್ಬಾ ಟಿವಿಗೆ ಅದು ಸರಿಹೋಗುತ್ತಿತ್ತು. ಕಂಪ್ಯೂಟರ್ ಪರದೆ ಎರಡನ್ನೂ ಒಟ್ಟಿಗೆ ತೋರಿಸುವುದರಿಂದ ಅಕ್ಷತೆ ಎರಚುವ ಕೈಗಳೆಲ್ಲ ಗೆರೆಗೆರೆಯಾಗಿ ಸೀಳಿದಂತೆ ಕಾಣುತ್ತವೆ. ಡಿವಿಡಿ ಹಾಳಾಗಿಲ್ಲ. ವಿಎಲ್‌ಸಿಯಲ್ಲಿ ಡಿ ಒತ್ತಿದರೆ ಡಿಇಂಟರ್‌ಲೇಸಿಂಗ್ ಶುರುವಾಗಿ ಗೆರೆಗಳು ಮಾಯವಾಗುತ್ತವೆ.

ಕನ್ನಡ ಸಬ್‌ಟೈಟಲ್ ನೋಡುವವರು ಪ್ಲೇಯರನ್ನು ಒತ್ತಕ್ಷರದಿಂದ ಪರೀಕ್ಷಿಸಬೇಕು. ಅಕ್ಷರಗಳನ್ನು ಸುಮ್ಮನೆ ಸಾಲಾಗಿ ಜೋಡಿಸುವ ಪ್ಲೇಯರಿನಲ್ಲಿ 'ರಾಷ್ಟ್ರ' ಚೂರುಚೂರಾಗುತ್ತದೆ. ಎಂಪಿವಿ ಬಳಸುವ ಹಾರ್ಫ್‌ಬಜ್ ಎಂಬ ಮುಕ್ತ ತಂತ್ರಾಂಶ ಒತ್ತುಗಳನ್ನು ಸರಿಯಾದ ಜಾಗದಲ್ಲಿ ಕೂರಿಸುತ್ತದೆ. ಆದರೂ ಪರದೆಯ ಮೇಲೆ ಬರೀ ಚೌಕಗಳು ಬಂದರೆ ಕನ್ನಡ ಫಾಂಟ್ ಆರಿಸಿ, ವಿಂಡೋಸಿನಲ್ಲಿ ನಿರ್ಮಲಾ ಯುಐ ಸಾಕು. ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳು ಬಂದರೆ ಸಬ್‌ಟೈಟಲನ್ನು ಯಾರೋ ಯೂನಿಕೋಡಿನ ಬದಲು 'ನುಡಿ' ತಂತ್ರಾಂಶದ ಹಳೆಯ ಫಾಂಟಿನಲ್ಲಿ ಟೈಪಿಸಿರಬಹುದು. ಅದನ್ನು ಯಾವ ಪ್ಲೇಯರೂ ಕನ್ನಡವೆಂದು ಗುರುತಿಸದು. ಮೊದಲು ಯೂನಿಕೋಡಿಗೆ ಪರಿವರ್ತಿಸಿ, ಯುಟಿಎಫ್-8ರಲ್ಲಿ ಉಳಿಸಿ, ಮತ್ತೆ ತೆರೆಯಬೇಕು.