ಪ್ರಭುತ್ವದ ಮರುರಚನೆ ಮತ್ತು ಊರಿನ ಯಜಮಾನಿಕೆ

ವಸಾಹತುಶಾಹಿಯಿಂದ ಬಿಡುಗಡೆಗೊಂಡ ದೇಶಗಳ ಬಗ್ಗೆ ಚರ್ಚೆ ಬಂದಾಗಲೆಲ್ಲ ಎರಡು ಮಾತು ಜೊತೆಯಾಗಿ ಬರುತ್ತವೆ. ಒಂದು ‘ದುರ್ಬಲ ಪ್ರಭುತ್ವ’, ಇನ್ನೊಂದು ‘ಸರ್ವಾಧಿಕಾರಿ ಪ್ರಭುತ್ವ’. ದುರ್ಬಲವಾದದ್ದನ್ನು ಬಲಪಡಿಸಿ, ಸರ್ವಾಧಿಕಾರಿಯನ್ನು ಇಳಿಸಿ, ಚುನಾವಣೆ ನಡೆಸಿ, ಅಲ್ಲಿಗೆ ಪ್ರಜಾಸತ್ತೆ ಬಂತು ಎಂಬುದು ಪಂಡಿತರೂ ಸಾಲ ಕೊಡುವ ಅಂತರರಾಷ್ಟ್ರೀಯ ಸಂಸ್ಥೆಗಳೂ ಹೇಳಿಕೊಡುವ ಪಾಠ. ದಲಿತ ವಿಮರ್ಶೆ ಇಲ್ಲಿ ಬೇರೆಯದೇ ಪ್ರಶ್ನೆ ಕೇಳಬೇಕಾಗಿದೆ. ದುರ್ಬಲ ಅಂತೀರಲ್ಲ, ಯಾರ ಪಾಲಿಗೆ ದುರ್ಬಲ? ದೊಡ್ಡ ಭೂಮಾಲೀಕನೆದುರು ಕೈಕಟ್ಟಿ ನಿಲ್ಲುವ ಪ್ರಭುತ್ವವೇ ಊರಾಚೆಯ ಗುಡಿಸಲಿನೆದುರು ಲಾಠಿ ಹಿಡಿದು ನಿಲ್ಲುತ್ತದೆ. ಆದ್ದರಿಂದ ಪ್ರಭುತ್ವದ ಮರುರಚನೆ ಎಂದರೆ ರಾಜಧಾನಿಯ ಕುರ್ಚಿ ಬದಲಾಯಿಸುವುದಷ್ಟೇ ಅಲ್ಲ. ಊರಿನ ನೆಲ ಯಾರ ಕೈಯಲ್ಲಿದೆ, ಪಂಚಾಯ್ತಿ ಮಾಡುವವನು ಯಾರು, ದಂಡ ಹಾಕುವವನು ಯಾರು ಎಂಬುದೇ ಮೊದಲ ಪ್ರಶ್ನೆ. ದಕ್ಷಿಣ ಆಫ್ರಿಕಾದ ಅನುಭವವನ್ನು ಮುಂದಿಟ್ಟುಕೊಂಡು ಈ ಮಾತನ್ನು ಕೊಂಚ ಬಿಡಿಸಿ ನೋಡೋಣ.

ಬ್ರಿಟಿಷರು ಆಫ್ರಿಕಾವನ್ನು ಆಳಿದ್ದು ಕೇವಲ ಬಂದೂಕಿನಿಂದಲ್ಲ. ಬೆರಳೆಣಿಕೆಯಷ್ಟು ಬಿಳಿಯ ಅಧಿಕಾರಿಗಳು ಹಳ್ಳಿಹಳ್ಳಿಗೂ ಹೋಗಿ ಆಳುವುದು ಸಾಧ್ಯವಿರಲಿಲ್ಲ. ಅದಕ್ಕವರು ಬುಡಕಟ್ಟಿನ ಮುಖ್ಯಸ್ಥರನ್ನು ಹಿಡಿದುಕೊಂಡರು. ಒಪ್ಪಿದವನನ್ನು ಉಳಿಸಿಕೊಂಡರು, ಒಪ್ಪದವನನ್ನು ಕಿತ್ತು ಹಾಕಿದರು, ಇಲ್ಲದ ಕಡೆ ಹೊಸಬನನ್ನು ನೇಮಿಸಿದರು. ತೆರಿಗೆ ಎತ್ತುವವನು, ನೆಲ ಹಂಚುವವನು, ನ್ಯಾಯ ಹೇಳುವವನು, ಶಿಕ್ಷೆ ಕೊಡುವವನು ಎಲ್ಲ ಅವನೇ. ಇದನ್ನು ಪರೋಕ್ಷ ಆಳ್ವಿಕೆ ಎನ್ನುತ್ತಾರೆ. ‘ಸಂಪ್ರದಾಯ’ ಎಂಬುದು ಅದರ ಹೊದಿಕೆ. ಅಲ್ಲಿಯವರೆಗೆ ವಾದಕ್ಕೆ, ಬದಲಾವಣೆಗೆ ಎಡೆಯಿದ್ದ ಪದ್ಧತಿಗಳನ್ನು ಬಿಳಿಯರು ಬರೆದು ಗಟ್ಟಿ ಮಾಡಿದರು. ನೇಟಾಲ್‌ನಲ್ಲಿ 1891ರ ಸಂಹಿತೆಯು ಆಫ್ರಿಕನ್ ಹೆಂಗಸನ್ನು ಬದುಕಿಡೀ ಗಂಡಸಿನ ಅಂಕೆಯಲ್ಲಿರುವ ಅಪ್ರಾಪ್ತಳೆಂದೇ ಎಣಿಸಿತು. ಮನುಸ್ಮೃತಿಯ ನೆರಳಲ್ಲಿ ಬೆಳೆದ ನಮಗೆ ಇದು ಹೊಸ ಮಾತೇನಲ್ಲ.

ಉಗಾಂಡದ ಚಿಂತಕ ಮಹಮೂದ್ ಮಮ್ದಾನಿ 1996ರಲ್ಲಿ ಪ್ರಕಟಿಸಿದ ‘ಸಿಟಿಜನ್ ಅಂಡ್ ಸಬ್ಜೆಕ್ಟ್’ ಎಂಬ ಗ್ರಂಥದ ವಾದ ಇಲ್ಲಿ ಮುಖ್ಯವಾದದ್ದು. ವಸಾಹತು ಪ್ರಭುತ್ವಕ್ಕೆ ಎರಡು ಮುಖ. ಪಟ್ಟಣದಲ್ಲಿ ಹಕ್ಕಿನ ಭಾಷೆ, ಅದೂ ಬಿಳಿಯರಿಗೆ ಮಾತ್ರ. ಹಳ್ಳಿಯಲ್ಲಿ ಸಂಪ್ರದಾಯದ ಭಾಷೆ. ಸ್ವಾತಂತ್ರ್ಯ ಬಂದ ಮೇಲೆ ಹೆಚ್ಚಿನ ಆಫ್ರಿಕನ್ ದೇಶಗಳು ಪಟ್ಟಣದ ಕುರ್ಚಿಗಳಿಂದ ಬಿಳಿಯರನ್ನು ಇಳಿಸಿದವು, ಹಳ್ಳಿಯ ಯಜಮಾನಿಕೆಯನ್ನು ಒಡೆಯಲಿಲ್ಲ. ವರ್ಣಭೇದ ಹೋಯಿತು, ಪ್ರಜಾಸತ್ತೆ ಬರಲಿಲ್ಲ. ನಮ್ಮ ಕನ್ನಡದಲ್ಲಿ ರಾಜನ ಕೈಕೆಳಗಿನವನೂ ‘ಪ್ರಜೆ’ಯೇ, ಓಟು ಹಾಕುವವನೂ ‘ಪ್ರಜೆ’ಯೇ. ಮಮ್ದಾನಿ ಕೇಳುವುದು ಈ ಮೊದಲ ಪ್ರಜೆ ಎರಡನೆಯ ಪ್ರಜೆ ಆಗುವುದು ಯಾವಾಗ ಎಂದು.

ದಕ್ಷಿಣ ಆಫ್ರಿಕಾದಲ್ಲಿ 1913ರ ಭೂ ಕಾಯ್ದೆ ಬಹುಸಂಖ್ಯಾತ ಕರಿಯರಿಗೆ ಬಿಟ್ಟುಕೊಟ್ಟದ್ದು ದೇಶದ ನೆಲದಲ್ಲಿ ಶೇಕಡಾ 7ರಷ್ಟು. 1936ರಲ್ಲಿ ಅದನ್ನು ಸುಮಾರು 13ಕ್ಕೆ ಏರಿಸುವುದಾಗಿ ಹೇಳಲಾಯಿತು. 1951ರ ಬಂಟು ಅಥಾರಿಟೀಸ್ ಕಾಯ್ದೆ ಆ ತುಂಡು ನೆಲದ ಮೇಲೆ ಮುಖ್ಯಸ್ಥರನ್ನು ಸರ್ಕಾರದ ಸಂಬಳದಾಳುಗಳನ್ನಾಗಿ ಕೂರಿಸಿತು. ಮುಂದೆ ಇವೇ ಬಂಟುಸ್ತಾನಗಳಾದವು. ಜನ ಸುಮ್ಮನೆ ಒಪ್ಪಿಕೊಂಡರೆಂದಲ್ಲ. 1960ರಲ್ಲಿ ಪಾಂಡೋಲ್ಯಾಂಡಿನ ರೈತರು ಈ ವ್ಯವಸ್ಥೆಯ ವಿರುದ್ಧವೇ ದಂಗೆ ಎದ್ದರು, ಗುಂಡಿಗೆ ಬಲಿಯಾದರು. ವರ್ಣಭೇದದ ವಿರುದ್ಧದ ಹೋರಾಟ ಎಂದರೆ ಪಟ್ಟಣದ ಸೊವೆಟೊ ಒಂದೇ ಅಲ್ಲ ಎಂಬುದನ್ನು ಮರೆಯಬಾರದು.

1994ರ ಏಪ್ರಿಲ್ 27ರಂದು ಎಲ್ಲರೂ ಓಟು ಹಾಕಿದರು. 1996ರ ಸಂವಿಧಾನ ಜಗತ್ತಿನ ಉದಾರ ಸಂವಿಧಾನಗಳಲ್ಲೊಂದು. ಆದರೆ ಆ ಚುನಾವಣೆಗೆ ಕೆಲವೇ ದಿನ ಮೊದಲು, ಕ್ವಾಜುಲು ಪ್ರದೇಶದ ಸುಮಾರು 28 ಲಕ್ಷ ಹೆಕ್ಟೇರ್ ನೆಲವನ್ನು ಜುಲು ದೊರೆಯ ಟ್ರಸ್ಟೀತನದ ಇಂಗೋನ್ಯಾಮಾ ಟ್ರಸ್ಟಿಗೆ ವಹಿಸುವ ಕಾಯ್ದೆ ಸದ್ದಿಲ್ಲದೆ ಆಯಿತು. ಆ ಪ್ರಾಂತ್ಯದಲ್ಲಿ ಇಂಕಾಥಾ ಪಕ್ಷ ಮತ್ತು ಆಫ್ರಿಕನ್ ನ್ಯಾಷನಲ್ ಕಾಂಗ್ರೆಸ್ ನಡುವೆ ವರ್ಷಗಟ್ಟಲೆ ರಕ್ತ ಹರಿದಿತ್ತು. ಇಂಕಾಥಾ ಚುನಾವಣೆಗೆ ಒಪ್ಪಿದ್ದೇ ಕಡೆಯ ವಾರದಲ್ಲಿ. ಶಾಂತಿ ಬೇಕಿತ್ತು, ಮುಖ್ಯಸ್ಥರ ಹಿಂದಿರುವ ಓಟೂ ಬೇಕಿತ್ತು. ಹೊಸ ಪ್ರಭುತ್ವ ಹಳ್ಳಿಯ ಒಡೆಯನೊಂದಿಗೆ ರಾಜಿ ಮಾಡಿಕೊಂಡಿತು. ರಾಜಿಯ ಬೆಲೆ ಕಟ್ಟಿದವರು ಯಾರು? ತಲೆತಲಾಂತರದಿಂದ ಅದೇ ನೆಲದಲ್ಲಿ ಉತ್ತು ಬಿತ್ತಿದವರು. ನೀವು ಗುತ್ತಿಗೆಗೆ ಸಹಿ ಹಾಕಬೇಕು, ವರ್ಷಾವರ್ಷ ಬಾಡಿಗೆ ಕಟ್ಟಬೇಕು ಎಂದು ಟ್ರಸ್ಟು ಅವರಿಗೆ ಹೇಳಿತು. ತಮ್ಮ ಮನೆಯಲ್ಲೇ ಅವರು ಬಾಡಿಗೆದಾರರಾದರು.

ಇದೇ ಪ್ರಾಂತ್ಯದ ಡರ್ಬನ್ ನಗರದಲ್ಲೇ 2001ರಲ್ಲಿ ವಿಶ್ವಸಂಸ್ಥೆಯ ಜನಾಂಗೀಯತೆ ವಿರೋಧಿ ಸಮ್ಮೇಳನ ನಡೆದದ್ದು. ಭಾರತದ ದಲಿತ ಸಂಘಟನೆಗಳು ಅಲ್ಲಿಗೆ ಹೋಗಿ ಜಾತಿಯನ್ನೂ ಚರ್ಚೆಗೆ ತನ್ನಿ ಎಂದು ಒತ್ತಾಯಿಸಿದವು. ಅದು ದೇಶದ ಒಳಗಿನ ವಿಷಯ ಎಂದು ನಮ್ಮ ಸರ್ಕಾರ ಅಡ್ಡ ನಿಂತಿತು. ‘ಒಳಗಿನ ವಿಷಯ’, ‘ನಮ್ಮ ಸಂಪ್ರದಾಯ’ ಎಂಬ ಮಾತುಗಳು ಎರಡೂ ದೇಶಗಳಲ್ಲಿ ಯಾರನ್ನು ಕಾಯುತ್ತವೆ ಎಂಬುದನ್ನು ಗಮನಿಸಬೇಕು.

ಹಾಗಾದರೆ ಮುಖ್ಯಸ್ಥರನ್ನೇ ಕಿತ್ತು ಹಾಕಿದರಾಯಿತಲ್ಲ ಎಂದು ಗೆಳೆಯರು ಕೇಳಬಹುದು. ಇಂದಿನ ಟಾಂಜಾನಿಯಾದಲ್ಲಿ ಜೂಲಿಯಸ್ ನೈರೇರೆ 1963ರಲ್ಲೇ ಆ ಕೆಲಸ ಮಾಡಿದರು. ಆದರೆ ಆ ಜಾಗದಲ್ಲಿ ಪಕ್ಷದವನೂ ಅಧಿಕಾರಿಯೂ ಬಂದು ಕೂತರು. ಉಜಾಮಾ ಹೆಸರಿನಲ್ಲಿ 1973ರಿಂದ 1976ರ ನಡುವೆ ಲಕ್ಷಾಂತರ ರೈತರನ್ನು ಬಲವಂತವಾಗಿ ಹೊಸ ಹಳ್ಳಿಗಳಿಗೆ ಸಾಗಿಸಲಾಯಿತು. ನೈರೇರೆಯ ಪ್ರಾಮಾಣಿಕತೆಯ ಬಗ್ಗೆ ಅನುಮಾನವಿಲ್ಲ. ಆದರೂ ಮೇಲಿನಿಂದ ಇಳಿದು ಬಂದ ವಿಮೋಚನೆ ಊರಿನ ಒಡೆಯನನ್ನು ತೆಗೆದು ಕಚೇರಿಯ ಒಡೆಯನನ್ನು ಕೊಟ್ಟಿತು.

ಮೂರನೆಯ ದಾರಿಯೊಂದನ್ನು ತೋರಿಸುತ್ತಿರುವವರು ದಕ್ಷಿಣ ಆಫ್ರಿಕಾದ ಹಳ್ಳಿಗರೇ. 2004ರಲ್ಲಿ ಒಂದು ಕಾಯ್ದೆ ಸಮುದಾಯದ ನೆಲದ ಆಡಳಿತವನ್ನು ಮುಖ್ಯಸ್ಥರ ಮಂಡಳಿಗಳಿಗೆ ಕೊಡಹೊರಟಾಗ ನಾಲ್ಕು ಗ್ರಾಮೀಣ ಸಮುದಾಯಗಳು ಸಂವಿಧಾನ ನ್ಯಾಯಾಲಯದ ಮೆಟ್ಟಿಲು ಹತ್ತಿದವು. 2010ರಲ್ಲಿ ಆ ಕಾಯ್ದೆ ಬಿದ್ದುಹೋಯಿತು. ಇಂಗೋನ್ಯಾಮಾ ಗುತ್ತಿಗೆಗಳ ವಿರುದ್ಧ ಗ್ರಾಮೀಣ ಮಹಿಳೆಯರ ಸಂಘಟನೆಯೂ ಸೇರಿ ಹೂಡಿದ ದಾವೆಯಲ್ಲಿ 2021ರ ಜೂನ್‌ನಲ್ಲಿ ಹೈಕೋರ್ಟು ಅವು ಕಾನೂನುಬಾಹಿರವೆಂದಿತು, ವಸೂಲಿ ಮಾಡಿದ ಬಾಡಿಗೆ ಮರಳಿಸಲು ಹೇಳಿತು. ಸಾಂಪ್ರದಾಯಿಕ ನಾಯಕತ್ವದ ಬಗ್ಗೆ 2019ರಲ್ಲಿ ಬಂದ ಇನ್ನೊಂದು ಕಾಯ್ದೆಯನ್ನೂ 2023ರಲ್ಲಿ ಸಂವಿಧಾನ ನ್ಯಾಯಾಲಯ ಅಸಿಂಧು ಎಂದಿತು. ಕಾರಣ ಸರಳ: ಜನರನ್ನು ಸರಿಯಾಗಿ ಕೇಳಿಲ್ಲ. ಕೋರ್ಟಿನ ತೀರ್ಪಿನಿಂದ ಊರು ರಾತ್ರೋರಾತ್ರಿ ಬದಲಾಗುವುದಿಲ್ಲ, ನಿಜ. ಇಲ್ಲಿ ಇನ್ನೊಂದು ಸಂಗತಿ ಇದೆ. ಈ ಹಳ್ಳಿಗರು ಪದ್ಧತಿಯನ್ನೇ ಬೇಡವೆನ್ನಲಿಲ್ಲ. ಪದ್ಧತಿ ನಮ್ಮದು, ಒಬ್ಬನದಲ್ಲ ಎಂದರು. ಪ್ರಭುತ್ವ ಮರಳಿ ಕಟ್ಟಿಕೊಳ್ಳುವುದು ಇಂಥ ಕಡೆ.

ಅಂಬೇಡ್ಕರ್ 1948ರ ನವೆಂಬರ್ 4ರಂದು ಕರಡು ಸಂವಿಧಾನ ಮಂಡಿಸುತ್ತಾ, ಹಳ್ಳಿಯನ್ನಲ್ಲ, ವ್ಯಕ್ತಿಯನ್ನು ಘಟಕವಾಗಿ ಹಿಡಿದದ್ದನ್ನು ಸಮರ್ಥಿಸಿದಾಗ ಹಲವರಿಗೆ ಸಿಟ್ಟು ಬಂದಿತ್ತು. ಆಫ್ರಿಕಾದ ಈ ಕಥೆ ಓದಿದ ಮೇಲೆ ಆ ಮಾತಿನ ಆಳ ತಿಳಿಯುತ್ತದೆ. ನಮ್ಮಲ್ಲಿ ಅಲ್ಲಿಗಿಂತ ತಿರುಗುಮುರುಗು. ಕರ್ನಾಟಕದಲ್ಲಿ 1961ರ ಕಾಯ್ದೆ ಪಟೇಲ, ಶಾನುಭೋಗ, ತೋಟಿ, ತಳವಾರರ ವಂಶಪಾರಂಪರ್ಯ ಹುದ್ದೆಗಳನ್ನು ಕಾಗದದ ಮೇಲೆ ತೊಡೆದುಹಾಕಿತು. ಅಲ್ಲಿ ಯಜಮಾನಿಕೆ ಕಾಯ್ದೆಯಲ್ಲೇ ಉಳಿದರೆ, ಇಲ್ಲಿ ಕಾಯ್ದೆಯಿಂದ ಹೋಗಿ ನಡಾವಳಿಯಲ್ಲಿ ಉಳಿದಿದೆ. ಬಹಿಷ್ಕಾರ ಹಾಕಲು ಯಾವ ಪಟೇಲನಿಗೂ ಸರ್ಕಾರಿ ಆದೇಶ ಬೇಕಿಲ್ಲ.

ಹೀಗಾಗಿ ಒಂದು ಪ್ರಭುತ್ವ ಪ್ರಜಾಸತ್ತಾತ್ಮಕವೋ ಅಲ್ಲವೋ ಎಂದು ಅಳೆಯಲು ಚುನಾವಣೆಗಳ ಲೆಕ್ಕ ಸಾಲದು. ಊರಿನ ಕಟ್ಟಕಡೆಯ ಮನೆಯ ಹೆಂಗಸು ಯಜಮಾನನ ಮಾತಿಗೆ ‘ಆಗಲ್ಲ’ ಎಂದು ಹೇಳಿ, ಮಾರನೆಯ ದಿನ ಅದೇ ನೆಲದಲ್ಲಿ ಒಲೆ ಹಚ್ಚಬಲ್ಲಳೇ? ಅವಳ ದೂರನ್ನು ಯಜಮಾನನ ಅಪ್ಪಣೆಯಿಲ್ಲದೆ ಬರೆದುಕೊಳ್ಳುವ ಕಚೇರಿ ಇದೆಯೇ? ಇಲ್ಲವೆಂದಾದರೆ ಪ್ರಭುತ್ವವನ್ನು ಬಲಪಡಿಸಿ ಎಂಬ ಉಪದೇಶ ಯಜಮಾನನ ಕೈಯನ್ನೇ ಬಲಪಡಿಸುತ್ತದೆ. ನಮ್ಮ ಚಳವಳಿಗಳು ವಿಧಾನಸೌಧದ ಕಡೆ ನಡೆದಷ್ಟೇ ದೂರ ಊರಿನ ಪಂಚಾಯ್ತಿ ಕಟ್ಟೆಯ ಕಡೆಗೂ ನಡೆಯಬೇಕಾಗಿದೆ.