ಮಾತಿನ ತಪ್ಪು ತಿದ್ದುವ ಅದಬ್

ನಮ್ಮ ರಂಗಂಪೇಟೆಯ ಒಂದು ಸಾಧಾರಣ ಮುಸ್ಲಿಮ್ ಮನೆಯಲ್ಲಿ ಬೆಳಗಿನಿಂದ ರಾತ್ರಿವರೆಗೆ ಮೂರು ಭಾಷೆಗಳು ಓಡಾಡುತ್ತವೆ. ಅಡುಗೆಮನೆಯಲ್ಲಿ ದಖ್ನಿ, ಹೊಸ್ತಿಲು ದಾಟಿದರೆ ಕನ್ನಡ, ಜಾನಮಾಝಿನ ಮೇಲೆ ಅರಬಿ. ಮಕ್ಕಳು ಶಾಲೆಯಿಂದ ತರುವ ಇಂಗ್ಲಿಷನ್ನು ಸೇರಿಸಿದರೆ ನಾಲ್ಕು. ಇಷ್ಟು ಭಾಷೆಗಳಿದ್ದಲ್ಲಿ ತಪ್ಪುಗಳೂ ಇರುತ್ತವೆ, ತಿದ್ದುವವರೂ ಇರುತ್ತಾರೆ. ದಾದಿಯ ಕನ್ನಡ ಕೇಳಿ ಮೊಮ್ಮಗಳು ನಗುತ್ತಾಳೆ. ಮೊಮ್ಮಗಳ ಉರ್ದು ಕೇಳಿ ದಾದಿ ಹಣೆ ಬಡಿದುಕೊಳ್ಳುತ್ತಾಳೆ. ಉತ್ತರ ಪ್ರದೇಶದ ಮದರಸಾದಲ್ಲಿ ಓದಿ ಬಂದ ಸೋದರಳಿಯ ಇಬ್ಬರ ಮಾತಿಗೂ ಹುಬ್ಬು ಗಂಟಿಕ್ಕುತ್ತಾನೆ.

ಮನೆಯೊಳಗೆ ಇದ್ದಷ್ಟು ಹೊತ್ತು ಇದು ತಮಾಷೆ. ಆದರೆ ಇದೇ ತಮಾಷೆಯಿಂದ ಬಾಯಿ ಮುಚ್ಚಿಕೊಂಡವರು ನಮ್ಮ ನಡುವೆ ಇದ್ದಾರೆ. ಶಾಲೆಯಲ್ಲಿ ಪೋಷಕರ ಸಭೆ ಇದ್ದರೆ "ನೀನೇ ಹೋಗ್ ಬಾ" ಎಂದು ಹೆಂಡತಿಯನ್ನು ಕಳಿಸುವ ಗಂಡಸರಿದ್ದಾರೆ. ಮಾಸ್ತರರ ಎದುರು ತನ್ನ ಕನ್ನಡ ಕೇಳಿ ಮಗ ತಲೆ ತಗ್ಗಿಸುತ್ತಾನೆ ಎಂಬುದು ಅವರಿಗೆ ಗೊತ್ತು. ನಲವತ್ತು ದಾಟಿದ ಮೇಲೆ ಕುರ್‌ಆನ್ ಓದಲು ಕಲಿಯಬೇಕೆಂಬ ಆಸೆಯಿದ್ದರೂ, ಪಕ್ಕದಲ್ಲಿ ಕೂತ ಹತ್ತು ವರ್ಷದ ಹುಡುಗ ಹಿಡಿದು ತಿದ್ದುತ್ತಾನೆ ಎಂಬ ನಾಚಿಕೆಗೆ ಮಸೀದಿಯ ಪಾಠಕ್ಕೆ ಬಾರದವರೂ ಇದ್ದಾರೆ. ಆದ್ದರಿಂದ ಮಾತು ತಿದ್ದುವುದು ಸಣ್ಣ ವಿಷಯವೆಂದು ಬಿಡುವಂತಿಲ್ಲ.

ತಿದ್ದುವ ರೀತಿಗೆ ಬುಖಾರಿಯಲ್ಲಿ ಬರುವ ಒಂದು ಪ್ರಸಂಗಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ. ಒಂದು ದಿನ ಪ್ರವಾದಿಯವರು (ಸ) ನಾಲ್ಕು ರಕಅತ್‌ಗಳ ನಮಾಝನ್ನು ಎರಡಕ್ಕೇ ಮುಗಿಸಿ ಸಲಾಮ್ ಹೇಳಿದರು. ಜಮಾಅತ್‌ನಲ್ಲಿ ಅಬೂಬಕರ್ (ರ), ಉಮರ್ (ರ) ಇಬ್ಬರೂ ಇದ್ದರು. ಗೌರವದ ಭಯದಿಂದ ಅವರ ಬಾಯಿಂದ ಮಾತು ಹೊರಡಲಿಲ್ಲ. ಆಗ ಉದ್ದ ಕೈಗಳಿದ್ದ ಒಬ್ಬ ಸಹಾಬಿ ಮುಂದೆ ಬಂದರು. ಆ ಕೈಗಳಿಂದಾಗಿಯೇ ಜನ ಅವರನ್ನು ಝುಲ್‌ಯದೈನ್ ಎಂದು ಕರೆಯುತ್ತಿದ್ದರು. ನಮಾಝ್ ಕಡಿಮೆ ಮಾಡಲ್ಪಟ್ಟಿತೋ ಅಥವಾ ತಾವು ಮರೆತಿರೋ ಎಂದು ಅವರು ಕೇಳಿದರು. ಪ್ರವಾದಿಯವರು (ಸ) ಸಿಟ್ಟಾಗಲಿಲ್ಲ. ಇವರು ಹೇಳುವುದು ನಿಜವೇ ಎಂದು ಉಳಿದವರನ್ನು ವಿಚಾರಿಸಿದರು, ನಿಜವೆಂದು ತಿಳಿದು ಉಳಿದ ರಕಅತ್‌ಗಳನ್ನು ಪೂರೈಸಿದರು, ಸಜ್ದಾ ಸಹ್ವ್ ಮಾಡಿದರು. (ನಮಾಝಿನ ನಡುವೆ ಮಾತಾಡುವ ಮಸಲಾ ಬೇರೆ, ಅದನ್ನು ಆಲಿಮರಲ್ಲಿ ಕೇಳಿ ತಿಳಿಯಿರಿ.)

ಝುಲ್‌ಯದೈನ್ ಆಡಿದ ಮಾತಿನ ಕಟ್ಟನ್ನು ಗಮನಿಸಿ. ಅವರು ತೀರ್ಪು ಕೊಡಲಿಲ್ಲ, ಪ್ರಶ್ನೆ ಕೇಳಿದರು. ಪ್ರಶ್ನೆಯಲ್ಲಿ ಎರಡು ಬಾಗಿಲು ತೆರೆದಿಟ್ಟರು, ಮೊದಲ ಬಾಗಿಲು ಎದುರಿನವರಿಗೆ ಗೌರವದ್ದು. ತಾನು ತಿಳಿಯದ ಹೊಸ ಆದೇಶ ಬಂದಿರಬಹುದು, ತಪ್ಪು ತಿಳಿದವನು ತಾನೇ ಆಗಿರಬಹುದು ಎಂಬುದಕ್ಕೆ ಅಲ್ಲಿ ಜಾಗವಿತ್ತು. ನಮ್ಮ ಮಾತಿಗೆ ಇದನ್ನು ಇಳಿಸಿಕೊಂಡರೆ ಹೀಗಾಗುತ್ತದೆ: "ಚಾಚಾ, ಇದಕ್ಕ ಹಿಂಗೂ ಅಂತಾರೇನು? ನಾ ಬ್ಯಾರೆ ಕೇಳಿದ್ದೆ." ಇಷ್ಟು ಸಾಕು. ಚಾಚಾಗೆ ತಿಳಿಯುತ್ತದೆ, ಪಕ್ಕದವರಿಗೆ ತಿಳಿಯುವುದಿಲ್ಲ.

ಇಮಾಮರು ನಮಾಝಿನಲ್ಲಿ ತಪ್ಪಿದರೆ ಹಿಂದಿರುವ ಗಂಡಸರು ಸುಬ್‌ಹಾನಲ್ಲಾಹ್ ಎನ್ನಬೇಕು, ಹೆಂಗಸರು ಕೈ ತಟ್ಟಬೇಕು. ಇದೂ ಸಹೀಹ್ ಹದೀಸಿನಲ್ಲಿದೆ, ಎಲ್ಲರಿಗೂ ಗೊತ್ತಿದೆ. ಆದರೆ ಇದರೊಳಗಿನ ನಾಜೂಕು ನೋಡಿ. ತಪ್ಪಿದವರ ಹೆಸರಿಲ್ಲ, ತಪ್ಪು ಎಂಬ ಪದವೂ ಇಲ್ಲ. ಅಲ್ಲಾಹನ ಪಾವಿತ್ರ್ಯವನ್ನು ಹೇಳುವುದೇ ಸೂಚನೆ. ಕಿರಾಅತ್‌ನಲ್ಲಿ ಇಮಾಮರು ತಡೆದರೆ ಹಿಂದಿನವರು ಲುಕ್ಮಾ ಕೊಡಬಹುದು. ಆದರೆ ಅವಸರ ಮಾಡಬಾರದೆಂದು ನಮ್ಮ ಹನಫೀ ಫಿಕ್ಹ್ ಹೇಳುತ್ತದೆ. ಅವರಿಗೇ ನೆನಪಾಗಬಹುದು, ಬೇರೆ ಆಯತ್‌ಗೆ ಹೋಗಬಹುದು, ರುಕೂಗೆ ಹೋಗಬಹುದು. ರಂಝಾನಿನ ತರಾವೀಹ್‌ನಲ್ಲಿ ಎಳೆಯ ಹಾಫಿಝರು ಒಂದು ಕ್ಷಣ ನಿಂತರೆ ಸಾಕು, ಮೂರು ಸಫ್‌ಗಳಿಂದ ನಾಲ್ಕು ಲುಕ್ಮಾಗಳು ಹಾರಿ ಬರುತ್ತವೆ. ಆ ಹುಡುಗನಿಗೆ ಇದ್ದದ್ದೂ ಮರೆತುಹೋಗುತ್ತದೆ. ಅದಕ್ಕೆಂದೇ ಹಿಂದೆ ಒಬ್ಬ ಸಾಮೆಯನ್ನು ನಿಲ್ಲಿಸಿರುತ್ತಾರೆ. ಆ ಕೆಲಸವನ್ನು ಅವರಿಗೇ ಬಿಡಬೇಕು.

ಕುರ್‌ಆನ್ ಓದಿನ ತಪ್ಪನ್ನು ತಜ್ವೀದಿನ ಉಲಮಾಗಳು ಎರಡಾಗಿ ವಿಂಗಡಿಸಿದ್ದಾರೆ. ಅಕ್ಷರವನ್ನೋ ಸ್ವರವನ್ನೋ ಬದಲಿಸಿಬಿಡುವ ಬಹಿರಂಗ ತಪ್ಪು ಲಹ್ನ್ ಜಲೀ. ಎಳೆತ, ಗುನ್ನಾ ಮುಂತಾದವುಗಳಲ್ಲಿ ಆಗುವ, ಬಲ್ಲವರಿಗಷ್ಟೇ ಕಾಣುವ ತಪ್ಪು ಲಹ್ನ್ ಖಫೀ. ದೊಡ್ಡ ಕಾಫ್ ಬಾರದೆ ಸಣ್ಣ ಕಾಫ್ ಬಂದರೆ ಹೃದಯ ಎಂಬ ಪದ ನಾಯಿ ಎಂದಾಗುತ್ತದೆ. ಇದನ್ನು ತಿದ್ದದೆ ಬಿಡುವಂತಿಲ್ಲ. ಆದರೆ ಹೊಸದಾಗಿ ಕಲಿಯುವವರ ಪ್ರತಿಯೊಂದು ಗುನ್ನಾವನ್ನೂ ಹಿಡಿದು ಕೂತರೆ ಅವರು ನಾಳೆ ಬರುವುದಿಲ್ಲ. ತಡವರಿಸುತ್ತ ಕಷ್ಟಪಟ್ಟು ಓದುವವರಿಗೆ ಎರಡು ಪ್ರತಿಫಲವಿದೆ ಎಂದು ಪ್ರವಾದಿಯವರು (ಸ) ತಿಳಿಸಿದ್ದನ್ನು ಆಯಿಶಾ (ರ) ವರದಿ ಮಾಡಿದ್ದಾರೆ. ಅಲ್ಲಾಹನು ಎರಡು ಕೊಡುವಲ್ಲಿ ನಾವು ಒಂದನ್ನಾದರೂ ಕಸಿಯದಿರೋಣ.

ಅರಬಿ ವ್ಯಾಕರಣ ಹುಟ್ಟಿದ್ದೇ ಇಂಥ ತಿದ್ದುವಿಕೆಯಿಂದ ಎಂದು ಪರಂಪರೆ ಹೇಳುತ್ತದೆ. ಬಸ್ರಾದ ಅಬುಲ್ ಅಸ್ವದ್ ಅದ್ದುಅಲಿಯವರ ಮಗಳು ಒಂದು ರಾತ್ರಿ ಆಕಾಶ ನೋಡಿ, ಎಷ್ಟು ಚೆಂದ ಎನ್ನಲು ಹೋದಳಂತೆ. ಪದದ ಕೊನೆಯ ಸ್ವರ ತಪ್ಪಿ ಅದು, ಆಕಾಶದಲ್ಲಿ ಅತ್ಯಂತ ಚೆಂದದ್ದು ಯಾವುದು ಎಂಬ ಪ್ರಶ್ನೆಯಾಯಿತು. ತಂದೆ ಬೈಯಲಿಲ್ಲ, ನಗಲಿಲ್ಲ. ಕೇಳಿದ ಪ್ರಶ್ನೆಗೆ ಉತ್ತರ ಕೊಟ್ಟರು: ನಕ್ಷತ್ರಗಳು, ಮಗಳೇ. ನಾನು ಕೇಳಲಿಲ್ಲ ಅಬ್ಬಾ, ಬೆರಗಾದೆ ಎಂದಳು ಮಗಳು. ಹಾಗಿದ್ದರೆ ಹೀಗೆ ಹೇಳು ಎಂದು ತಂದೆ ಸರಿಯಾದ ಸ್ವರ ಹೇಳಿಕೊಟ್ಟರು. ತಪ್ಪು ಎಲ್ಲಿದೆ ಎಂಬುದನ್ನು ಮಗಳೇ ಕಂಡುಕೊಂಡಳು. ಆ ಕಾಲದಲ್ಲಿ ಎಲ್ಲರೂ ಇಷ್ಟು ಮೃದುವಾಗಿದ್ದರು ಎಂದಲ್ಲ. ಮಾತಿನ ತಪ್ಪಿಗೆ ಮಕ್ಕಳಿಗೆ ಏಟು ಕೊಡುತ್ತಿದ್ದ ಹಿರಿಯರ ವರದಿಯೂ ಕಿತಾಬುಗಳಲ್ಲಿದೆ. ಆದರೆ ಮಗಳ ಕಥೆಯೇ ಜನರ ನೆನಪಿನಲ್ಲಿ ಉಳಿಯಿತು.

ಇನ್ನು, ನಾವು ತಪ್ಪು ಎನ್ನುವುದೆಲ್ಲ ತಪ್ಪೇ? ಇಲ್ಲಿ ನಮ್ಮ ಕಡೆಯವರು ಸ್ವಲ್ಪ ನಿಂತು ಯೋಚಿಸಬೇಕು.

ಉಮರ್ (ರ) ಒಮ್ಮೆ ಹಿಶಾಮ್ ಬಿನ್ ಹಕೀಮ್ (ರ) ಅವರು ಸೂರಾ ಫುರ್ಕಾನ್ ಓದುವುದನ್ನು ಕೇಳಿದರು. ತಾವು ಕಲಿತದ್ದಕ್ಕಿಂತ ಬೇರೆಯಾಗಿತ್ತು. ನಮಾಝ್ ಮುಗಿಯುವವರೆಗೆ ಹೇಗೋ ತಡೆದುಕೊಂಡು, ಆಮೇಲೆ ಚಾದರ ಹಿಡಿದು ಎಳೆದುಕೊಂಡೇ ಪ್ರವಾದಿಯವರ (ಸ) ಬಳಿ ತಂದರು. ಅವರನ್ನು ಬಿಡು ಎಂಬುದು ಪ್ರವಾದಿಯವರ (ಸ) ಮೊದಲ ಆಜ್ಞೆ. ಹಿಶಾಮ್ ಓದಿದರು, ಹೀಗೇ ಅವತೀರ್ಣವಾಗಿದೆ ಎಂದರು. ಉಮರ್ ಓದಿದರು, ಹೀಗೂ ಅವತೀರ್ಣವಾಗಿದೆ ಎಂದರು. ತಿದ್ದಲು ಹೊರಟವರು ಉಮರ್‌ರಂಥವರು, ತಿದ್ದಿದ್ದು ಸರಿಯನ್ನೇ!

ನಮ್ಮ ದಖ್ನಿಯ ಕಥೆಯೂ ಹೀಗೇ ಇದೆ. ಲೋಗಾಂ, ಬಾತಾಂ ಎಂದರೆ, ನಕ್ಕೊ ಎಂದರೆ, ಐಸಾಇಚ್ ಎಂದರೆ ಅದನ್ನು ಕೆಟ್ಟ ಉರ್ದು ಎನ್ನುತ್ತಾರೆ. ಅದು ಕೆಟ್ಟ ಉರ್ದು ಅಲ್ಲ, ದಖ್ಖನಿನ ಹಳೆಯ ಭಾಷೆ. ಬಿಜಾಪುರದ ಎರಡನೆಯ ಇಬ್ರಾಹೀಮ್ ಆದಿಲ್ ಶಾಹ್ ತನ್ನ ಕಿತಾಬೆ ನೌರಸ್ ಬರೆದದ್ದು ದಖ್ನಿಯಲ್ಲಿ. ನಕ್ಕೊ ಮತ್ತು ಇಚ್ ಮರಾಠಿಯ ನೆರೆಯಿಂದ ಬಂದವು. ಕಾಫನ್ನು ಖ ಎನ್ನುವುದು, ಖಾಝಿ, ಖಬರಸ್ತಾನ್ ಎನ್ನುವುದು ದಖ್ಖನಿನ ಎಲ್ಲ ಕಡೆಯ ರೂಢಿ. ಕುರ್‌ಆನ್ ಓದುವಾಗ ಅದನ್ನು ತಿದ್ದಿಕೊಳ್ಳಲೇಬೇಕು. ಚಹಾ ಕುಡಿಯುತ್ತ ಮಾತಾಡುವಾಗ ಅದರ ಗೊಡವೆ ಯಾಕೆ?

ಕನ್ನಡದ್ದೂ ಅಷ್ಟೇ. "ಅದ", "ಬರ್ಲಕತ್ತಾನ", "ಹೋಗ್ಯಾರ" ಎನ್ನುವ ಮಗುವಿಗೆ "ಇದೆ", "ಬರುತ್ತಿದ್ದಾನೆ", "ಹೋಗಿದ್ದಾರೆ" ಎಂದು ಬರೆಯಲು ಕಲಿಸಬೇಕು, ಪರೀಕ್ಷೆಗೆ ಅದು ಬೇಕು. ಆದರೆ ಮನೆಯ ಮಾತು ಹೊಲಸು ಎಂದು ಕಲಿಸಬಾರದು. ಭಾಷೆಗಳು ಮತ್ತು ಬಣ್ಣಗಳು ಬೇರೆಬೇರೆಯಾಗಿರುವುದನ್ನು ಅಲ್ಲಾಹನು ಸೂರಾ ರೂಮ್‌ನಲ್ಲಿ ತನ್ನ ನಿದರ್ಶನಗಳ ಸಾಲಿಗೆ ಸೇರಿಸಿದ್ದಾನೆ.

ನಿಜವಾದ ತಪ್ಪುಗಳೂ ಇವೆ. ಅವು ಯಾಕೆ ಬರುತ್ತವೆಂದು ತಿಳಿದರೆ ನಗು ತಾನಾಗಿ ಕಡಿಮೆಯಾಗುತ್ತದೆ. ಉರ್ದುವಿನಲ್ಲಿ ಲಿಂಗ ಎರಡೇ, ನಪುಂಸಕವಿಲ್ಲ. ಹಾಗಾಗಿ ಅಮ್ಮಿ "ಬಸ್ ಬಂದ" ಎನ್ನುತ್ತಾಳೆ. ಅದೇ ಕಾರಣ ತಿರುವುಮುರುವಾಗಿ, ಕನ್ನಡದ ಗೆಳೆಯ ಉರ್ದುವಿನಲ್ಲಿ "ಮೇರಾ ಕಿತಾಬ್" ಎನ್ನುತ್ತಾನೆ. ಪುಸ್ತಕ ಹೆಣ್ಣು ಎಂದು ಅವನಿಗೆ ಹೇಗೆ ಹೊಳೆಯಬೇಕು? ಉರ್ದುವಿನ ಒಂದೇ "ನಹೀಂ" ಕನ್ನಡದಲ್ಲಿ "ಅಲ್ಲ", "ಇಲ್ಲ" ಎಂದು ಎರಡಾಗುತ್ತದೆ. "ಅವರು ನಮ್ಮ ಅಣ್ಣ ಅಲ್ಲ" ಎನ್ನಬೇಕಾದವರು "ನಮ್ಮ ಅಣ್ಣ ಇಲ್ಲ" ಎಂದರೆ ಕೇಳಿದವರು ಇನ್ನಾ ಲಿಲ್ಲಾಹಿ ಎನ್ನುವಂತಾಗುತ್ತದೆ.

ಇನ್ನು ಉರ್ದುವಿನಲ್ಲಿ ಳ ಇಲ್ಲ. ಇದು ನಮ್ಮ ರೈತರಿಗೆ ಸಣ್ಣ ಮಾತಲ್ಲ. ನಾರಾಯಣಪುರ ಕಾಲುವೆಯ ನೀರು ಬರುವ ಕಡೆ ಭತ್ತ, ಬಾರದ ಕಡೆ ಹತ್ತಿ, ತೊಗರಿ. "ಹತ್ತಿ ಬೆಳೆ ಪೂರಾ ಹಾಳಾಗ್ಯಾದ" ಎಂದು ಪರಿಹಾರ ಕೇಳಲು ಹೋದವರು "ಹತ್ತಿ ಬೆಲೆ" ಎಂದರೆ, ಎದುರಿಗಿದ್ದವರು ದರ ಬಿದ್ದಿದೆ ಎಂದುಕೊಳ್ಳುತ್ತಾರೆ. ಅರ್ಜಿಯಲ್ಲಿ ಹಾಗೇ ಬರೆದರೆ ಇನ್ನೂ ತೊಂದರೆ. ಇಂಥ ಕಡೆ ಸಂಕೋಚ ಮಾಡಿ ಸುಮ್ಮನಿರುವುದು ಸೌಜನ್ಯ ಅಲ್ಲ, ದ್ರೋಹ. ಆದರೆ ಸರತಿಯಲ್ಲಿ ನಿಂತಾಗ ಹತ್ತು ಜನರ ಎದುರು ತಿದ್ದಬೇಡಿ. ಮನೆಯಿಂದ ಹೊರಡುವ ಮೊದಲೇ, "ಅಬ್ಬಾ, ಅರ್ಜಿ ಒಮ್ಮೆ ನಾ ಓದ್ಲಾ?" ಎಂದು ಕೇಳಿ ಇಸಿದುಕೊಳ್ಳಿ.

ಈ ಊರಿನಲ್ಲಿ ಭಾಷೆಯ ಅವಮಾನ ಒಂದೇ ಕಡೆಯವರ ಪಾಲಿಗೆ ಬಂದದ್ದಲ್ಲ. 1948ರವರೆಗೆ ನಿಝಾಮರ ಆಡಳಿತದಲ್ಲಿ ಕಚೇರಿಯ ಭಾಷೆ ಉರ್ದು. ಕನ್ನಡದ ಮನೆಯ ಮಗು ತನ್ನದಲ್ಲದ ಭಾಷೆಯಲ್ಲಿ ಪಾಠ ಕಲಿಯಬೇಕಿತ್ತು, ರೈತ ತನ್ನದಲ್ಲದ ಭಾಷೆಯ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಕಿತ್ತು. 1956ರಲ್ಲಿ ಈ ಪ್ರದೇಶ ಮೈಸೂರು ರಾಜ್ಯಕ್ಕೆ ಸೇರಿದ ಮೇಲೆ ತಕ್ಕಡಿ ತಿರುಗಿತು. ನಮ್ಮ ಹಿರಿಯರು ಅರೆಬರೆ ಕನ್ನಡ ಹಿಡಿದು ಅದೇ ಕಚೇರಿಗಳ ಮೆಟ್ಟಿಲು ಹತ್ತಿದರು. ಪಕ್ಕದ ಮನೆಯವರ ಉರ್ದು ಕೇಳಿ ನಗುವ ಮೊದಲು, ನಮ್ಮ ಕನ್ನಡ ಕೇಳಿ ಅವರು ನಕ್ಕರೆಂದು ನೊಂದುಕೊಳ್ಳುವ ಮೊದಲು, ಇದು ನೆನಪಿರಲಿ.

ಮಾತಿನ ತೊಡಕನ್ನು ಹಿಡಿದು ಹೀಯಾಳಿಸಿದವನೊಬ್ಬ ಕುರ್‌ಆನಿನಲ್ಲಿ ಬರುತ್ತಾನೆ. ಅವನು ಫಿರ್‌ಔನ್. ಸ್ಪಷ್ಟವಾಗಿ ಮಾತೂ ಆಡಲಾರದವನು ಎಂದು ಅವನು ಮೂಸಾ (ಅ) ಅವರ ಬಗ್ಗೆ ತನ್ನ ಜನರೆದುರು ಹೇಳುತ್ತಾನೆ (ಸೂರಾ ಝುಖ್ರುಫ್). ಮೂಸಾ (ಅ) ಅವರೋ ತನ್ನ ನಾಲಗೆಯ ಗಂಟು ಬಿಚ್ಚೆಂದು ಅಲ್ಲಾಹನಲ್ಲಿ ಬೇಡಿದವರು, ತನಗಿಂತ ಚೆನ್ನಾಗಿ ಮಾತಾಡುವ ಅಣ್ಣ ಹಾರೂನ್‌ರನ್ನು (ಅ) ಜೊತೆಗೆ ಕೇಳಿಕೊಂಡವರು. ಅಂಥ ಫಿರ್‌ಔನ್‌ನ ಬಳಿಗೆ ಹೋಗುವಾಗಲೂ ಮೆತ್ತಗೆ ಮಾತಾಡಿ ಎಂಬ ಆಜ್ಞೆ ಇಬ್ಬರಿಗೂ ಆಯಿತು.

ಇಲ್ಲೊಂದು ಮಾತು ಸೇರಿಸಲೇಬೇಕು. ಬಿಲಾಲ್ (ರ) ಅವರಿಗೆ ಶೀನ್ ಬರುತ್ತಿರಲಿಲ್ಲ, ಸೀನ್ ಎನ್ನುತ್ತಿದ್ದರು, ಅಲ್ಲಾಹನ ಬಳಿ ಅವರ ಸೀನೇ ಶೀನ್ ಎಂಬ ಕಥೆಯನ್ನು ಬಯಾನ್‌ಗಳಲ್ಲಿ ಪ್ರೀತಿಯಿಂದ ಹೇಳುತ್ತಾರೆ. ಇದಕ್ಕೆ ಆಧಾರವಿಲ್ಲ ಎಂದು ಇಬ್ನ್ ಕಸೀರ್ ಮುಂತಾದ ಮುಹದ್ದಿಸರು ಹೇಳಿದ್ದಾರೆ. ಇಂಪಾದ, ಗಟ್ಟಿಯಾದ ದನಿಯವರೆಂದೇ ಅವರಿಗೆ ಅಝಾನಿನ ಜವಾಬ್ದಾರಿ ಸಿಕ್ಕಿತು. ಉದ್ದೇಶ ಒಳ್ಳೆಯದೆಂದು ಒಬ್ಬ ಸಹಾಬಿಯ ಮೇಲೆ ಇಲ್ಲದ ಉಚ್ಚಾರ ದೋಷ ಹೊರಿಸುವುದು ಸರಿಯಲ್ಲ. ಯಾರಾದರೂ ಈ ಕಥೆ ಹೇಳಿದರೆ ಅವರನ್ನು ಮಿಂಬರಿನ ಎದುರು ಅಲ್ಲ, ಚಪ್ಪಲಿ ಹಾಕಿಕೊಳ್ಳುವ ಕಡೆ ಸಿಕ್ಕಾಗ ಕೇಳಿ.

ತಿದ್ದಿಸಿಕೊಳ್ಳುವವರ ಕಡೆಯಿಂದಲೂ ಒಂದು ಮಾತಿದೆ. ಅದನ್ನು ನಮ್ಮ ನೆರೆಯ ಸೇಡಂ ತಾಲೂಕಿನ ಮಳಖೇಡ ಹೇಳಿದೆ. ಅಲ್ಲಿನ ರಾಷ್ಟ್ರಕೂಟ ದೊರೆ ನೃಪತುಂಗನ ಆಸ್ಥಾನದಲ್ಲಿ ಕ್ರಿ.ಶ. 850ರ ಸುಮಾರಿಗೆ ಹುಟ್ಟಿದ ಕವಿರಾಜಮಾರ್ಗ ಕನ್ನಡದ ಸಿಕ್ಕಿರುವ ಅತಿ ಹಳೆಯ ಗ್ರಂಥ. ಕಣ್ಣಿಗೆ ತಾನು ಹಚ್ಚಿಕೊಂಡ ಕಾಡಿಗೆ ಕಾಣುವುದಿಲ್ಲ, ಹಾಗೇ ಬರೆದವನಿಗೆ ತನ್ನ ದೋಷ ಕಾಣುವುದಿಲ್ಲ, ಆದ್ದರಿಂದ ಇನ್ನೊಬ್ಬರಿಂದ ತಿದ್ದಿಸಿಕೊಳ್ಳಬೇಕು ಎಂಬ ಅರ್ಥದ ಪದ್ಯ ಅದರಲ್ಲಿದೆ. ಒಬ್ಬ ಮೂಮಿನ್ ಇನ್ನೊಬ್ಬನಿಗೆ ಕನ್ನಡಿ ಎಂಬ ಅಬೂದಾವೂದ್ ಹದೀಸಿನ ಪಕ್ಕದಲ್ಲಿ ಇದನ್ನು ಇಟ್ಟು ನೋಡಿ. ಕನ್ನಡಿ ಮುಖದ ಮಸಿಯನ್ನು ಎದುರು ನಿಂತವನಿಗೆ ಮಾತ್ರ ತೋರಿಸುತ್ತದೆ, ಓಣಿಗೆಲ್ಲ ಹೇಳಿಕೊಂಡು ಬರುವುದಿಲ್ಲ.

ಮೊಬೈಲಿನ ಗುಂಪುಗಳಲ್ಲಿ ಇದೇ ಆಗುತ್ತಿರುವುದು. ಮಯ್ಯತ್‌ನ ಸುದ್ದಿ ಹಾಕಿದವರ ಕಾಗುಣಿತವನ್ನು ಅಲ್ಲೇ ಕೆಳಗೆ ತಿದ್ದುವವರಿದ್ದಾರೆ. ಜನಾಝಾ ಎಷ್ಟು ಗಂಟೆಗೆ ಎಂಬುದು ತಪ್ಪಾಗಿದ್ದರೆ ತಕ್ಷಣ ಎಲ್ಲರಿಗೂ ತಿಳಿಸಿ. ಅಕ್ಷರ ತಪ್ಪಾಗಿದ್ದರೆ ಬಿಟ್ಟುಬಿಡಿ. ಮಸೀದಿಯ ಫಲಕ, ಶಾದಿಯ ಕಾರ್ಡು ಹಾಗಲ್ಲ, ಅವು ವರ್ಷಗಟ್ಟಲೆ ಉಳಿಯುತ್ತವೆ, ಊರೆಲ್ಲ ಓದುತ್ತದೆ. ಕಾರ್ಡು ಅಚ್ಚಿಗೆ ಹೋಗುವ ಮೊದಲೇ ಓದಿಕೊಡುತ್ತೇವೆಂದು ನಾವಾಗಿ ಕೇಳಬೇಕು, ಹಂಚಿದ ಮೇಲೆ ಹೇಳಿ ಪ್ರಯೋಜನವಿಲ್ಲ. ಫಲಕದಲ್ಲಿ ತಪ್ಪು ಕಂಡರೆ ಫೋಟೋ ತೆಗೆದು ಗುಂಪಿಗೆ ಹಾಕಬೇಡಿ. ಸರಿಯಾದ ಕಾಗುಣಿತವನ್ನು ಒಂದು ಚೀಟಿಯಲ್ಲಿ ಬರೆದುಕೊಂಡು, ಇಶಾ ಆದ ಮೇಲೆ ಮುತವಲ್ಲಿ ಸಾಹೇಬರ ಕೈಗೆ ಕೊಡಿ. ಬಣ್ಣದ ಖರ್ಚು ಎಷ್ಟಾಗುತ್ತದೆಂದೂ ಕೇಳಿ, ಸಾಧ್ಯವಾದರೆ ಅದನ್ನೂ ಕೊಡಿ.